ವಿಭೂತಿ ಡಬ್ಬಿಯ ಮೆಮೊರಿ ಕಾರ್ಡ್

ಹೋದ ವರ್ಷ ಶ್ರಾವಣದ ಮೊದಲ ಸೋಮವಾರ. ಶಾಲೆಗೆ ರಜೆ ಹಾಕಿ ಬಾಗೇವಾಡಿಯಿಂದ ನಾಲತವಾಡದ ತವರಿಗೆ ಹೋಗಿದ್ದೆ. ಅಪ್ಪ ತೀರಿಕೊಂಡು ಆರು ವರ್ಷವಾಗಿತ್ತು. ಪೂಜೆ ಮುಗಿಸಿದ ಅವ್ವ ಇದ್ದಕ್ಕಿದ್ದಂತೆ, "ನಿಮ್ಮಪ್ಪನ ಮಾರಿ ಕಣ್ಣಾಗ ಐತಿ. ದನಿ ಮರ್ತು ಹೋಗೇತಿ ನೋಡವಾ," ಎಂದಳು. ನೆನಪಿಸಿಕೊಳ್ಳಲು ಹೋದರೆ ನನಗೂ ಆಗಲಿಲ್ಲ. ಆ ದನಿ ಎಲ್ಲಾದರೂ ಉಳಿದಿದೆಯೇ ಎಂದು ಹುಡುಕತೊಡಗಿದೆ.

ಅಪ್ಪನ ಫೋನು ಎಂದೋ ಕೆಟ್ಟಿತ್ತು. ಅದರ ಮೆಮೊರಿ ಕಾರ್ಡನ್ನು ಅವ್ವ ದೇವರ ಜಗಲಿಯ ಮೇಲೆ, ವಿಭೂತಿ ಡಬ್ಬಿಯಲ್ಲಿ ಇಟ್ಟಿದ್ದಳು. ಸೋಮವಾರಕ್ಕೊಮ್ಮೆ ಅದಕ್ಕೂ ವಿಭೂತಿ ಹಚ್ಚುತ್ತಿದ್ದಳಂತೆ! ಒರೆಸಿ ನನ್ನ ಫೋನಿಗೆ ಹಾಕಿದೆ. ಕಾರ್ಡ್ ಓದಲಾಗುತ್ತಿಲ್ಲ, ಫಾರ್ಮ್ಯಾಟ್ ಮಾಡಬೇಕೇ ಎಂದು ಕೇಳಿತು. ಫೋನ್ ಏನು ಕೇಳಿದರೂ ಹೂಂ ಎಂದು ಒತ್ತಿಬಿಡುವ ಅವಸರದವಳು ನಾನು. ಅಂದು ಅದೇಕೋ ಬೆರಳು ಮುಂದೆ ಹೋಗಲಿಲ್ಲ. ಅವ್ವನನ್ನು ಕರೆದುಕೊಂಡು ಮುದ್ದೇಬಿಹಾಳದ ಬಸ್ಸು ಹತ್ತಿದೆ.

ಅಲ್ಲಿ ಮೊಬೈಲ್ ರಿಪೇರಿ ಮಾಡುವ ಮಹಬೂಬಣ್ಣ ನನ್ನ ಮಾತು ಕೇಳಿ ಹೌಹಾರಿದ. "ಒತ್ತಿಲ್ಲ ಹೌದಲ್ರಿ ಅಕ್ಕಾರ? ಒತ್ತಿದ್ರ ಎಲ್ಲಾ ಅಳಿಸಿ ಹೋಗತಿತ್ತು."

ಕಾರ್ಡಿನ ಹಿಂದಿನ ಹೊಳೆಯುವ ಪಟ್ಟಿಗಳಲ್ಲಿ ವಿಭೂತಿ ಕುಳಿತಿತ್ತು. ರಬ್ಬರಿನಿಂದ ಮೆಲ್ಲಗೆ ಉಜ್ಜಿ ಕಂಪ್ಯೂಟರಿಗೆ ಹಾಕಿದ. ಮೊದಲು ಇದ್ದದ್ದನ್ನೆಲ್ಲ ಕಾಪಿ ಮಾಡಿಕೊಂಡ. ಇದ್ದದ್ದು ಒಂದೇ ಫೈಲು, ಹೆಸರಿನ ಜಾಗದಲ್ಲಿ ಬರೀ ಅಂಕಿ. "ವೈರಸ್ ಇರಬೇಕು," ಎಂದೆ. ಅವನು ವೈರಸ್ ಪರೀಕ್ಷೆ ಮಾಡಿ, ಅಂಕಿಗಳಾದ ಮೇಲೆ ಚುಕ್ಕೆಯ ಮುಂದಿದ್ದ ಮೂರು ಇಂಗ್ಲಿಷ್ ಅಕ್ಷರಗಳನ್ನು ತೋರಿಸಿದ. "ಅಲ್ರೀ. ಇದು ಹಳೇ ಫೋನಿನ್ಯಾಗ ಮಾತು ರೆಕಾರ್ಡ್ ಮಾಡಿದ ಫೈಲು."

ಕೇಳಲೆಂದು ಅದನ್ನು ಹಚ್ಚಿದ. ಅಪ್ಪ ಮಾತಾಡಿದ!

"ಏ ಶಾಂತಾ, ಬಾ ಇಲ್ಲೆ. ಇದರಾಗ ಏನರ ಮಾತಾಡು."

ದೂರದಿಂದ ಅವ್ವನ ದನಿ: "ಹಂಚಿನ ಮ್ಯಾಲ ರೊಟ್ಟಿ ಐತ್ರಿ. ಕೆಲಸ ಮುಗೀಲಿ, ಆಮ್ಯಾಲ ಮಾತಾಡ್ತೇನಿ."

ಅಪ್ಪ ನಕ್ಕ. ಅಷ್ಟೇ ಇತ್ತು.

ಅವ್ವ ಸೆರಗು ಸರಿಮಾಡಿಕೊಂಡು ಕಂಪ್ಯೂಟರಿನ ಹತ್ತಿರ ಬಾಗಿದಳು. "ಕೆಲಸ ಮುಗದಾವ್ರಿ," ಎಂದಳು. "ಈಗ ಮಾತಾಡ್ರಿ."

ಮಹಬೂಬಣ್ಣ ಏನೋ ಹುಡುಕುವವನಂತೆ ಆ ಕಡೆ ತಿರುಗಿದ. ನಾನು ಅಲ್ಲೇ ಅತ್ತುಬಿಟ್ಟೆ.

ಆ ಫೈಲನ್ನು ಈಗ ಮೂರು ಕಡೆ ಇಟ್ಟಿದ್ದೇನೆ. ಕೇಳಿದಾಗಲೆಲ್ಲ, ನಕ್ಕ ಮೇಲೆ ಅಪ್ಪ ಇನ್ನೊಂದು ಮಾತು ಆಡಿದ್ದರೆ ಎಂದು ಜೀವ ಹಂಬಲಿಸುತ್ತದೆ. ಅವ್ವನ ಫೋನ್ ಬಂದರೆ, ಒಲೆಯ ಮೇಲೆ ಏನೇ ಇರಲಿ, ಆಮೇಲೆ ಮಾತಾಡುತ್ತೇನೆ ಎನ್ನಲು ನನಗೆ ಬಾಯಿ ಬರುವುದಿಲ್ಲ.