ನೀಲಕ್ಕನ ಎಂಟು ಹೋಳಿಗೆ

ಸೂರ್ಯಾಸ್ತ ತೋರಿಸುತ್ತೇನೆಂದು ನಮ್ಮನ್ನು ಒಂಬತ್ತು ಗಂಟೆ ಕಾಲ ವ್ಯಾನಿನಲ್ಲಿ ಕುಲುಕಿಸಿಕೊಂಡು ಕರೆದೊಯ್ದು, ಸೂರ್ಯ ಮುಳುಗುವ ಹೊತ್ತಿಗೆ ಸರಿಯಾಗಿ ನೀಲಕ್ಕ ಎಲ್ಲರನ್ನೂ ಅವನಿಗೆ ಬೆನ್ನು ಮಾಡಿ ಕೂರಿಸುತ್ತಿದ್ದರು. ಯಾರಾದರೂ ಕ್ಯಾಮೆರಾ ಹಿಡಿದು ಹಿಂದಕ್ಕೆ ತಿರುಗಿದರೆ ಭುಜ ಹಿಡಿದು ಮತ್ತೆ ಪೂರ್ವಕ್ಕೆ ತಿರುಗಿಸುವರು.

‘ಅವನ್ನ ಏನ್ ನೋಡ್ತೀರಿ? ನಮ್ಮೂರು ಸನ್ನಿವೇಲ್‌ನ್ಯಾಗೂ ಅವನ ಅದಾನ. ಹೋಗೂ ಮುಂದ ಯಾರ ಮಾರಿಗೆ ಏನ್ ಬಣ್ಣ ಹಚ್ಚಿ ಹೋಗ್ತಾನ, ಅದನ್ನ ನೋಡ್ರಿ.’

ಡೆತ್ ವ್ಯಾಲಿ ಎಂಬ ಮರುಭೂಮಿಯ ಮರಳುದಿಬ್ಬಗಳ ಮೇಲೆ ಕೌದಿ ಹಾಸಿ ಕೂತ ನಮ್ಮ ಎದುರಿಗೆ, ಇಡೀ ದಿನ ಬೂದಿಯಂತೆ ಬಿದ್ದಿದ್ದ ಬೋಳುಬೆಟ್ಟಗಳು ಮೆಲ್ಲಗೆ ಕುಂಕುಮದ ಬಣ್ಣಕ್ಕೆ ತಿರುಗುತ್ತಿದ್ದವು. ಆಮೇಲೆ ನೇರಳೆ. ಆಮೇಲೆ ಹೆಸರಿಲ್ಲದ ಇನ್ನೊಂದು ಬಣ್ಣ. ಅದನ್ನು ಇಂದಿಗೂ ಯಾರಿಗೂ ಸರಿಯಾಗಿ ಹೇಳಲು ನನಗೆ ಬಂದಿಲ್ಲ.

ನೀಲಕ್ಕ ವಿಜಯಪುರದ ಕಡೆಯವರು. ಗಂಡ ಸ್ಯಾನ್ ಹೋಸೆಯ ಕಾರ್ಖಾನೆಯೊಂದರಲ್ಲಿ ಲೇತ್ ಮಷೀನು ನಡೆಸುತ್ತಿದ್ದರಂತೆ. ಅವರು ತೀರಿಕೊಂಡ ಮೇಲೆ ಈಕೆ ಒಂದು ಹಳೆಯ ವ್ಯಾನು ಕೊಂಡು, ಬೆಳಿಗ್ಗೆ ಮಕ್ಕಳನ್ನು ಸ್ಕೂಲಿಗೆ, ಮಧ್ಯಾಹ್ನ ಸ್ಕೂಲಿನಿಂದ ಡೇಕೇರಿಗೆ ಮುಟ್ಟಿಸುವ ಕೆಲಸ ಹಿಡಿದರು. ಇಳಕಲ್ ಸೀರೆ, ಬಿಳಿ ಸ್ನೀಕರ್ಸು, ಸೆರಗಿನ ಮೇಲೊಂದು ಬೇಸ್‌ಬಾಲ್ ಟೋಪಿ. ಫ್ರೀವೇಯಲ್ಲಿ ಯಾರಾದರೂ ಅಡ್ಡ ಬಂದರೆ ಹಾರ್ನ್ ಒತ್ತುತ್ತಿರಲಿಲ್ಲ. ಕಿಟಕಿ ಇಳಿಸಿ, ‘ಏನ್ ತಮ್ಮಾ, ಮನ್ಯಾಗ ಒಲಿ ಮ್ಯಾಲ ಹಾಲಿಟ್ಟು ಬಂದೀಯೇನು?’ ಎಂದು ಅಚ್ಚ ಕನ್ನಡದಲ್ಲಿ ವಿಚಾರಿಸುವರು. ಆ ಬಿಳಿಯ ತಮ್ಮ ಹೆದರಿ ದಾರಿ ಬಿಡುವನು.

ಲಾಂಗ್ ವೀಕೆಂಡುಗಳಲ್ಲಿ ಮಕ್ಕಳಿಗೆ ರಜೆ, ವ್ಯಾನಿಗೂ ರಜೆ. ಆಗ ನಮ್ಮಂಥ ಏಳು ಜನರನ್ನು ಹೇರಿಕೊಂಡು ಮರುಭೂಮಿಗೆ ಹೊರಡುವರು. ತಾವೂ ಸೇರಿ ಎಂಟು. ಅದಕ್ಕಿಂತ ಒಬ್ಬರು ಹೆಚ್ಚಾದರೂ ಒಪ್ಪುತ್ತಿರಲಿಲ್ಲ, ಏಕೆಂದರೆ ಅವರ ಸ್ಟೀಲ್ ಡಬ್ಬಿಯಲ್ಲಿ ಹಿಡಿಯುತ್ತಿದ್ದದ್ದು ಎಂಟು ಶೇಂಗಾ ಹೋಳಿಗೆ.

ಆ ಹೋಳಿಗೆಯೇ ಅವರ ಹಾಜರಿ ಪುಸ್ತಕ. ಹೊತ್ತು ಮುಳುಗಿದ ಮೇಲೆ ಡಬ್ಬಿ ಕೈಯಿಂದ ಕೈಗೆ ಹೋಗುವುದು, ತಲೆಗೊಂದು. ಡಬ್ಬಿ ಖಾಲಿಯಾಗಿ ಮರಳಿ ಬಂದರೆ ಎಲ್ಲರೂ ಇದ್ದಾರೆಂದು ಅರ್ಥ. ಒಂದು ಉಳಿದಿದ್ದರೆ ಯಾರೋ ಮರಳಿನಲ್ಲಿ ಹಿಂದುಳಿದಿದ್ದಾರೆ. ‘ಮಂದಿನ್ನ ಎಣಸಾಕ ಹೋದ್ರ ಅತ್ತಿತ್ತ ಓಡಾಡ್ತಾರ. ಹೋಳಿಗಿ ಓಡಾಡಂಗಿಲ್ಲ’ ಎನ್ನುವರು. ಕಂಪ್ಯೂಟರ್ ಓದಿದ ನಾವೆಲ್ಲ ತಲೆದೂಗಿದ್ದೆವು. ದೋಷವಿಲ್ಲದ ಪದ್ಧತಿ ಅನ್ನಿಸಿತ್ತು. ಅದರಲ್ಲಿದ್ದ ಏಕೈಕ ದೋಷ ನಾನು.

ನನ್ನ ಬಗ್ಗೆ ಒಂದು ಮಾತು ಹೇಳಿಬಿಡಬೇಕು. ನಾನು ಚಿಂತೆ ಮಾಡುವುದನ್ನು ಕಲಿತವನಲ್ಲ, ಹುಟ್ಟುತ್ತಲೇ ತಂದವನು. ಹೆಸರಲ್ಲೇ ಸಾವನ್ನು ಇಟ್ಟುಕೊಂಡ ಜಾಗಕ್ಕೆ ಹೊರಟವನು ಸುಮ್ಮನಿರುತ್ತೇನೆಯೇ? ಹನ್ನೊಂದು ಗ್ಯಾಲನ್ ನೀರು, ಎರಡು ನಕಾಶೆ, ಟಾರ್ಚು, ಸೀಟಿ, ಹಾವಿನ ಕಡಿತದ ಬಗ್ಗೆ ಒಂದು ಕರಪತ್ರ ಎಲ್ಲವನ್ನೂ ವ್ಯಾನಿಗೆ ತುಂಬಿದ್ದೆ. ದಾರಿಯುದ್ದಕ್ಕೂ ‘ಟ್ಯಾಂಕಲ್ಲಿ ಗ್ಯಾಸು ಸಾಕಾಗತ್ತಾ ಅಕ್ಕಾ?’, ‘ಟಯರು ಯಾಕೋ ಶಬ್ದ ಮಾಡ್ತಿದೆ’ ಎಂದು ವರದಿ ಒಪ್ಪಿಸುತ್ತಿದ್ದೆ.

‘ಮೂರ್ತಿ,’ ಎಂದರು ನೀಲಕ್ಕ ಕನ್ನಡಿಯಲ್ಲಿ ನನ್ನನ್ನು ನೋಡುತ್ತ, ‘ನನ್ ವ್ಯಾನಿಗೆ ರೇಡಿಯೋ ಕೆಟ್ಟೈತಿ ಅಂತ ಮರಗ್ತಿದ್ದೆ ನೋಡಪಾ. ನೀ ಬಂದಿ, ಚಿಂತಿ ಹೋತು.’

ಎಲ್ಲರೂ ನಕ್ಕರು. ನನ್ನ ಹೆಂಡತಿ ಸುಧಾ ಎಲ್ಲರಿಗಿಂತ ಜೋರಾಗಿ ನಕ್ಕಳು. ಅವಳಿಗೆ ಆಗ ಐದು ತಿಂಗಳು.

ನಾನು ಜೋರಾಗಿ ಹೇಳುತ್ತಿದ್ದ ಚಿಂತೆಗಳೆಲ್ಲ ಹಗುರದವು. ಭಾರದ್ದನ್ನು ಯಾರಿಗೂ ಹೇಳಿರಲಿಲ್ಲ. ಡಾಟ್‌ಕಾಮ್ ಗುಳ್ಳೆ ಒಡೆದು ಕಂಪನಿಗಳು ಒಂದರ ಹಿಂದೊಂದು ಬಾಗಿಲು ಹಾಕುತ್ತಿದ್ದ ವಸಂತ ಅದು. ನಮ್ಮ ಆಫೀಸಿನಲ್ಲಿ ತೆಗೆದುಹಾಕುವವರ ಪಟ್ಟಿ ಸಿದ್ಧವಾಗುತ್ತಿತ್ತು. ಹೆಸರು ಗೊತ್ತಾದ ತಕ್ಷಣ, ಶನಿವಾರ ಸಂಜೆಯೊಳಗೆ ಫೋನು ಮಾಡುತ್ತೇನೆಂದು ಅಲ್ಲಿನ ಗೆಳೆಯನೊಬ್ಬ ಹೇಳಿದ್ದ. ಕೆಲಸ ಹೋದರೆ ವೀಸಾ ಹೋಗುತ್ತದೆ, ಇನ್ಶೂರೆನ್ಸು ಹೋಗುತ್ತದೆ, ಹೆರಿಗೆ ಎಲ್ಲಿ, ಹೇಗೆ? ಬಸುರಿಗೆ ಹೇಳಿ ಯಾಕೆ ಹೆದರಿಸಲಿ ಎಂದು ಒಂದು ತಿಂಗಳಿಂದ ಬಾಯಿ ಹೊಲಿದುಕೊಂಡಿದ್ದೆ.

ಆ ಶನಿವಾರ ಸಂಜೆ ನಾವು ಮರಳಿನಲ್ಲಿದ್ದೆವು. ಅಲ್ಲಿ ಸಿಗ್ನಲ್ ಸಿಗುವುದಿಲ್ಲ, ಫೋನುಗಳನ್ನು ವ್ಯಾನಿನಲ್ಲೇ ಇಡಿ ಎಂದು ನೀಲಕ್ಕ ಹೇಳಿದ್ದರು. ಎಲ್ಲರೂ ಇಟ್ಟರು, ನಾನು ಜೇಬಿನಲ್ಲಿಟ್ಟೆ. ಎಲ್ಲರೂ ಇಳಿದ ಮೇಲೆ ಡಬ್ಬಿ ತೆರೆದು ಒಂದು ಹೋಳಿಗೆಯನ್ನೂ ಎತ್ತಿಕೊಂಡೆ. ಹಸಿವಾಗಿರಲಿಲ್ಲ. ಮುಂದೆ ಹಸಿವಾಗಿ ತಲೆ ಸುತ್ತಿದರೆ ಎಂಬ ಮುಂಜಾಗ್ರತೆ.

ಸುಧಾಳಿಗೆ ಮರಳಿನಲ್ಲಿ ನಡೆಯುವುದು ಬೇಡವೆಂದು ನೀಲಕ್ಕ ಅವಳ ಪಾಲಿನ ಹೋಳಿಗೆ ಕೊಟ್ಟು ವ್ಯಾನಿನಲ್ಲೇ ಕೂರಿಸಿದರು. ಉಳಿದವರು ದಿಬ್ಬ ಹತ್ತಿದೆವು. ನೀಲಕ್ಕ ಕೌದಿ ಹಾಸಿ ಎಲ್ಲರನ್ನೂ ಪೂರ್ವಕ್ಕೆ ತಿರುಗಿಸಿದರು. ಬೆಟ್ಟಕ್ಕೆ ಬಣ್ಣ ಏರತೊಡಗಿತು. ಎಲ್ಲರ ಕಣ್ಣೂ ಅತ್ತ ನೆಟ್ಟಾಗ, ಹಿಂದಿನ ಸಾಲಿನಲ್ಲಿದ್ದ ನಾನು ಮೆಲ್ಲಗೆದ್ದು ಪಶ್ಚಿಮಕ್ಕೆ ಜಾರಿದೆ. ಎತ್ತರದ ದಿಬ್ಬದ ಮೇಲಾದರೂ ಒಂದು ಗೆರೆ ಸಿಗ್ನಲ್ ಸಿಕ್ಕೀತೆಂಬ ಆಸೆ.

ಮೊದಲ ದಿಬ್ಬದಲ್ಲಿ ಸಿಗಲಿಲ್ಲ. ಎರಡನೆಯದು ಇನ್ನೂ ಎತ್ತರವಿತ್ತು. ಅಲ್ಲಿಂದ ನೋಡಿದರೆ ಮೂರನೆಯದು. ಸತ್ತ ಫೋನನ್ನು ಆಕಾಶಕ್ಕೆ ಎತ್ತಿ ಹಿಡಿದು, ಆರತಿ ಬೆಳಗುವವನಂತೆ ಸುತ್ತ ತಿರುಗಿದೆ. ಆಮೇಲೆ ಮರಳೋಣವೆಂದು ನೋಡಿದರೆ ಬಂದ ಹೆಜ್ಜೆಗಳನ್ನು ಗಾಳಿ ಒರೆಸಿಹಾಕಿತ್ತು. ಎಲ್ಲ ದಿಬ್ಬಗಳೂ ಒಂದೇ ತಾಯಿಯ ಮಕ್ಕಳಂತೆ ಕಂಡವು. ಸೂರ್ಯ ಮುಳುಗಿದ. ಹಗಲೆಲ್ಲ ಬೆವರಿಸಿದ ಮರಳು ಗಳಿಗೆಯಲ್ಲಿ ತಣ್ಣಗಾಗಿ, ಹಲ್ಲು ಕಟಕಟ ಅನ್ನತೊಡಗಿತು. ಟಾರ್ಚು, ಸೀಟಿ, ಎರಡು ನಕಾಶೆ, ಹನ್ನೊಂದು ಗ್ಯಾಲನ್ ನೀರು ಎಲ್ಲವೂ ವ್ಯಾನಿನಲ್ಲಿ ಸುರಕ್ಷಿತವಾಗಿದ್ದವು. ಸ್ವೆಟರನ್ನು ಮರುಭೂಮಿಗೇಕೆಂದು ಮನೆಯಲ್ಲೇ ಬಿಟ್ಟಿದ್ದೆ.

ಆಗ ಇನ್ನೊಂದು ಹೊಳೆಯಿತು. ಈ ಹೊತ್ತಿಗೆ ಡಬ್ಬಿ ಖಾಲಿಯಾಗಿರುತ್ತದೆ. ಲೆಕ್ಕ ಸರಿ ಇದೆ ಎಂದು ಎಲ್ಲರೂ ಎದ್ದಿರುತ್ತಾರೆ. ನನ್ನ ಪಾಲು ನನ್ನ ಜೇಬಿನಲ್ಲಿದೆ. ಕೂಗಿದೆ; ಗಾಳಿ ಕೂಗನ್ನು ಬಾಯಿಗೇ ತುರುಕಿತು. ಕೂತುಬಿಟ್ಟೆ. ಕೆಲಸವಿಲ್ಲದ ಗಂಡ ಒಂದು ಕಷ್ಟ, ಗಂಡನೇ ಇಲ್ಲದಿರುವುದು ಇನ್ನೊಂದು. ಸುಧಾಳಿಗೆ ಮೊದಲನೆಯದನ್ನು ಹೇಳುವ ಮೊದಲೇ ಎರಡನೆಯದನ್ನು ಕೊಟ್ಟೆನಲ್ಲ!

‘ಮೂರ್ತೀ! ಏ ಮೂರ್ತೀ!’

ನೆರಳಿನಂತೆ ದಿಬ್ಬದ ಅಂಚಿನಲ್ಲಿ ಟೋಪಿ ಕಂಡಿತು, ಆಮೇಲೆ ಸೆರಗು, ಆಮೇಲೆ ಹೆಗಲ ಮೇಲಿನ ಕೌದಿ. ನೀಲಕ್ಕ ಏದುಸಿರು ಬಿಡುತ್ತ ಬಂದು, ಬೈಯುವ ಮೊದಲು ಕೌದಿ ಹೊದಿಸಿದರು.

‘ಅಕ್ಕಾ, ಹೇಗೆ ಗೊತ್ತಾಯ್ತು? ಹೋಳಿಗೆ ಲೆಕ್ಕ ಸರಿ ಇತ್ತಲ್ಲ?’

‘ಲೆಕ್ಕ ಬರೊಬ್ಬರಿ ಇತ್ತು. ಎಲ್ಲಾರೂ ಇಳಿಯಾಕತ್ತಿದ್ರು. ಆದ್ರ ಏನೋ ಒಂದು ಸಪ್ಪಳ ಕಡಿಮಿ ಆಗೇತಿ ಅನಸಾಕತ್ತು. ಕತ್ತಲಾತು ಅಂತ ಯಾರೂ ಅನವಲ್ರು, ಹಾವು ಬರ್ತಾವ ಅಂತ ಯಾರೂ ಅನವಲ್ರು. ನನ್ನ ರೇಡಿಯೋ ಎಲ್ಲಿ ಹೋತು ಅಂದೆ.’

ನಾನು ನಗಲು ಹೋದೆ. ನಗು ಬಾರದೆ ಅಳು ಬಂತು. ಪಟ್ಟಿ, ಫೋನು, ವೀಸಾ, ಹೆರಿಗೆ, ಜೇಬಿನ ಹೋಳಿಗೆ ಎಲ್ಲವನ್ನೂ ಆ ಕೌದಿಯೊಳಗಿಂದ ಹೇಳಿಬಿಟ್ಟೆ. ಅವರು ‘ಏನೂ ಆಗಂಗಿಲ್ಲ ತಗೋ’ ಎನ್ನಲಿಲ್ಲ. ಚಿಂತೆ ಮಾಡುವವರಿಗೆ ಆ ಮಾತು ಎಷ್ಟು ಒಂಟಿತನ ತರುತ್ತದೆಂದು ಅವರಿಗೆ ಹೇಗೆ ಗೊತ್ತಿತ್ತೋ.

‘ಸುಧಾಗ ಹೇಳೀಯೇನು?’

‘ಇಲ್ಲ.’

‘ವ್ಯಾನಿಗೆ ಮುಟ್ಟಿದ ಕೂಡ್ಲೇ ಹೇಳು. ಇಲ್ಲಂದ್ರ ನಾ ಹೇಳ್ತೀನಿ. ನಾ ಹೇಳಿದ್ರ ಹೋಳಿಗಿ ಕಳವು ಮಾಡಿದ್ದೂ ಹೇಳ್ತೀನಿ.’

ಹೇಳಿದೆ. ವ್ಯಾನಿನ ಮೆಟ್ಟಿಲ ಮೇಲೆ ಅವಳ ಪಕ್ಕ ಕೂತು, ಕೌದಿಯ ಅಂಚು ತಿರುಚುತ್ತ ಹೇಳಿದೆ. ಉಳಿದವರನ್ನು ನೀಲಕ್ಕ ಟಯರು ನೋಡುವ ನೆಪದಲ್ಲಿ ಆಚೆ ಕರೆದೊಯ್ದಿದ್ದರು. ಸುಧಾ ನನ್ನ ಕೈಯಿಂದ ಕೌದಿಯ ಅಂಚು ಬಿಡಿಸಿದಳು.

‘ಅದಕ್ಕೇನಾ ರೀ, ಒಂದು ತಿಂಗಳಿಂದ ಗ್ರೋಸರಿಗೆ ಹೋದಾಗೆಲ್ಲ ಅಕ್ಕಿ ಮೂಟೆ ತರ್ತಿದ್ರಿ?’ ಎಂದಳು. ಆಮೇಲೆ ಅವಳ ದನಿ ಒಡೆಯಿತು. ‘ನಿಮಗೇ ಏನೋ ಕಾಯಿಲೆ, ನನ್ನ ಹತ್ರ ಮುಚ್ಚಿಡ್ತಿದ್ದೀರ ಅಂದ್ಕೊಂಡಿದ್ದೆ. ಬರೀ ಕೆಲಸ ತಾನೇ?’

ರಜೆ ಮುಗಿದ ಮಂಗಳವಾರ ಪಟ್ಟಿಯಲ್ಲಿ ನನ್ನ ಹೆಸರಿತ್ತು. ನನ್ನ ಚಿಂತೆ ಒಮ್ಮೆಯಾದರೂ ನಿಜವಾಯಿತಲ್ಲ ಎಂಬ ವಿಚಿತ್ರ ಸಮಾಧಾನವೂ ಆಯಿತು. ಕೆಲಸವಿಲ್ಲದೆ ಈ ದೇಶದಲ್ಲಿ ಇರಬಹುದೆಂದು ವೀಸಾ ವಕೀಲರು ಎಣಿಸಿ ಹೇಳಿದ ದಿನಗಳಲ್ಲಿ ನಾನು ದಿನವಿಡೀ ಕಂಪ್ಯೂಟರಿನ ಮುಂದೆ ಕೂತು ಅರ್ಜಿ ಕಳಿಸುತ್ತಿದ್ದೆ. ಬೆಳಿಗ್ಗೆ ಹತ್ತಕ್ಕೆ, ಮಕ್ಕಳನ್ನು ಇಳಿಸಿ ಬಂದ ನೀಲಕ್ಕ ನಮ್ಮ ಅಪಾರ್ಟ್‌ಮೆಂಟಿನ ಕೆಳಗೆ ನಿಂತು ಕೂಗುವರು: ‘ಮೂರ್ತೀ, ಬಾ! ಗಾಡಿ ತೊಳಿಯೂದೈತಿ!’ ಮುಂಚಿನ ದಿನವಷ್ಟೇ ತೊಳೆದ ಗಾಡಿ. ನಾನು ಉಜ್ಜುತ್ತಿದ್ದೆ, ಅವರು ಬಕೆಟ್ಟು ಬೋರಲು ಹಾಕಿ ಕೂತು ತಪ್ಪು ತೋರಿಸುತ್ತಿದ್ದರು. ಆ ಒಂದು ತಾಸು ನಾನು ಚಿಂತೆ ಮಾಡುತ್ತಿದ್ದದ್ದು ವ್ಯಾನಿನ ಬಣ್ಣ ಮಾಸೀತೆಂದು ಮಾತ್ರ. ಒಂಬತ್ತನೆಯ ವಾರ ಲಾಸ್ ಗ್ಯಾಟೋಸಿನ ಒಂದು ಸಣ್ಣ ಕಂಪನಿ ಕೆಲಸಕ್ಕೆ ಕರೆಯಿತು. ವ್ಯಾನಿನ ಬಣ್ಣ ಆ ಹೊತ್ತಿಗೆ ನಿಜಕ್ಕೂ ಮಾಸಿತ್ತು.

ಮಗಳು ಹುಟ್ಟಿದ ಮೇಲೂ ಹಲವು ವರ್ಷ ಅವರೊಂದಿಗೆ ಮರುಭೂಮಿಗೆ ಹೋದೆವು. ‘ಇನ್ನ ಮ್ಯಾಲ ಡಬ್ಬಿ ನಿನ್ನ ಕಡೆ’ ಎಂದು ನನಗೇ ಕೊಟ್ಟಿದ್ದರು. ಹೋಳಿಗೆಯನ್ನು ಹೊರಡುವಾಗ ಒಮ್ಮೆ, ದಿಬ್ಬದ ಬುಡದಲ್ಲಿ ಒಮ್ಮೆ, ಕೊಡುವಾಗ ಒಮ್ಮೆ ಎಣಿಸುತ್ತಿದ್ದೆ. ಬದುಕಿನಲ್ಲಿ ನನ್ನ ಸ್ವಭಾವಕ್ಕೆ ಒಪ್ಪುವ ಹುದ್ದೆ ಕೊಟ್ಟವರು ಅವರೊಬ್ಬರೇ.

ಕಣ್ಣು ಮಂಜಾಗಿ ನೀಲಕ್ಕ ವ್ಯಾನು ಮಾರಿದರು. ಕಡೆಯ ಸಲ ಅವರನ್ನು ನೋಡಿದ್ದು ಓಕ್ಲ್ಯಾಂಡಿನ ಆಸ್ಪತ್ರೆಯಲ್ಲಿ. ಎರಡು ದಿನದಿಂದ ಯಾರನ್ನೂ ಗುರುತಿಸುತ್ತಿಲ್ಲ, ಮಾತೂ ಇಲ್ಲ ಎಂದು ನರ್ಸ್ ಹೇಳಿದರು. ಸುಧಾ ಅವರ ಕೈ ಹಿಡಿದು ‘ನೀಲಕ್ಕಾ, ನಾನು ಸುಧಾ’ ಎಂದಳು. ಕಣ್ಣು ತೆರೆಯಲಿಲ್ಲ. ನನಗೆ ಏನು ಹೇಳಬೇಕೋ ತೋಚಲಿಲ್ಲ. ಹೇಳಬೇಕಾದದ್ದು ಬೆಟ್ಟದಷ್ಟಿತ್ತು. ತೋಚದಾಗ ನಾನು ಏನು ಮಾಡುತ್ತೇನೋ ಅದನ್ನೇ ಮಾಡಿದೆ.

‘ಪಾರ್ಕಿಂಗ್ ಮೀಟರು ಇನ್ನು ಇಪ್ಪತ್ತೇ ನಿಮಿಷ ಕಣೇ ಸುಧಾ. ಕಾರನ್ನ ಎಳ್ಕೊಂಡು ಹೋಗ್ಬಿಟ್ರೆ ಏನು ಗತಿ? ಬ್ರಿಡ್ಜ್ ಮೇಲೆ ಬೇರೆ ಟ್ರಾಫಿಕ್ಕು. ಕತ್ತಲಾಗ್ತಾ ಬಂತು. ಗ್ಯಾಸೂ ಕಮ್ಮಿ ಇದೆ...’

‘ಅಪ್ಪಾ, ಯು ಆರ್ ಡೂಯಿಂಗ್ ಇಟ್ ಅಗೇನ್’ ಎಂದು ಮಗಳು ನಾಚಿಕೆಯಿಂದ ಪಿಸುಗುಟ್ಟಿದಳು.

ಹಾಸಿಗೆಯ ಮೇಲೆ ತುಟಿ ಅಲುಗಿತು. ಕಣ್ಣು ಮುಚ್ಚಿಕೊಂಡೇ, ದಿಬ್ಬ ಹತ್ತಿ ಬಂದವರಂತೆ ಒಂದೊಂದೇ ಉಸಿರಿಗೆ ನೀಲಕ್ಕ ಹೇಳಿದರು:

‘ಬಂದ್ಯಾ ಮೂರ್ತಿ? ಹಂಗಾರ ಎಲ್ಲಾರೂ ಬಂದಂಗಾತು. ನಡೀರಿ, ಹೋಗೂಣು.’