ಆ ಪುಟದಲ್ಲಿ ಇಲ್ಲದ ಮಾತು

ಅತ್ತೆ, ಆ ಮಾತು ಪುಸ್ತಕದಲ್ಲಿ ಇರಲಿಲ್ಲ. ನಾನೇ ಕಟ್ಟಿ ಹೇಳಿದ್ದು. ಯಾವ ಮಾತನ್ನು ಕೇಳಿ ನೀವು ಅಧ್ಯಕ್ಷರ ಕುರ್ಚಿ ಬಿಟ್ಟು ಎದ್ದಿರೋ, ಅದು ಯಾವ ಪುಟದಲ್ಲೂ ಅಚ್ಚಾಗಿಲ್ಲ — ನಿಮ್ಮ ಸೊಸೆಯ ಹೊಟ್ಟೆಕಿಚ್ಚಿನಲ್ಲಿ ಹುಟ್ಟಿದ ಮಾತು ಅದು. ಇಷ್ಟು ವರ್ಷ ಬಾಯಿ ಮುಚ್ಚಿಕೊಂಡು ಕೂತೆ. ಇನ್ನು ಕೂರಲಾರೆ.

ನಾನು ಇಂಡಿ ಕಡೆಯವಳು, ಕನ್ನಡ ಶಾಲೆಯಲ್ಲಿ ಓದಿದವಳು. ಗಡಿಯಾಚೆ, ಮಹಾರಾಷ್ಟ್ರದ ಕರಜಗಿಯ ನಿಮ್ಮ ಮನೆಗೆ ಸೊಸೆಯಾಗಿ ಬಂದಾಗ ನನಗೆ ಸೋಜಿಗವಾಗಿತ್ತು — ಮನೆ ತುಂಬ ಕನ್ನಡ ಮಾತು, ಕನ್ನಡ ಓದುವವರು ಮಾತ್ರ ಒಬ್ಬರೂ ಇಲ್ಲ! ನಿಮ್ಮ ಮಗ ಕಲಿತದ್ದು ಮರಾಠಿಯಲ್ಲಿ. ಓಣಿಯ ಹೆಂಗಸರಲ್ಲಿ ಕಲಿತವರಿಗೆ ಮರಾಠಿ, ಉಳಿದವರಿಗೆ ಯಾವುದೂ ಇಲ್ಲ. ನೀವಂತೂ ಕುರಿಗಳ ಹಿಂದೆ ಅಡ್ಡಾಡಿ ಬೆಳೆದವರು, ಶಾಲೆಯ ಹೊಸ್ತಿಲು ಕಂಡವರಲ್ಲ. ಆದರೂ ಆ ಹೆಂಗಸರನ್ನೆಲ್ಲ ಕೂಡಿಸಿ ಬಚತ ಗಟ — ನಮ್ಮ ಕಡೆಯ ಉಳಿತಾಯದ ಗುಂಪು — ಕಟ್ಟಿದ್ದು ನೀವು. ಕಡಕ್ ರೊಟ್ಟಿ, ಶೇಂಗಾ ಚಟ್ನಿ ಮಾಡಿ ಸೊಲ್ಲಾಪುರದ ಅಂಗಡಿಗಳಿಗೆ ಕಳಿಸುವ ದಾರಿ ಹುಡುಕಿದ್ದೂ ನೀವೇ.

ರೊಟ್ಟಿಯ ಡಬ್ಬಿ ಹೊತ್ತು ಅಕ್ಕಲಕೋಟದ ಮೇಲೆ ಸೊಲ್ಲಾಪುರಕ್ಕೆ ಹೋಗುವುದು ನನ್ನ ಪಾಲಿನ ಕೆಲಸ. ಅಲ್ಲಿನ ಬಸ್ ಸ್ಟ್ಯಾಂಡಿನ ಹಿಂದಿನ ಗಲ್ಲಿಯಲ್ಲಿ ಒಂದು ಪುಸ್ತಕದ ಅಂಗಡಿ ಇತ್ತು. ಎಲ್ಲ ಮರಾಠಿ, ಒಳಗೆ ಮೂಲೆಯಲ್ಲಿ ಒಂದು ಕಪಾಟು ಮಾತ್ರ ಕನ್ನಡದ್ದು. ಹೊಸದೇನು ಬಂದಿದೆ ಎಂದು ನಾನು ಅಲ್ಲಿ ಕೆದಕುವುದು ನಿಮಗೆ ಗೊತ್ತಿತ್ತು. ಬಯ್ಯುತ್ತೀರಿ ಅಂದುಕೊಂಡರೆ ಆರ್ಡರ್ರೇ ಕೊಟ್ಟುಬಿಟ್ಟಿರಿ!

"ಬರೂವಾಗ ಒಂದ್ ಖೂನಿಂದು ತಗೊಂಡ ಬಾ. ಒಂದ್ ಹುಡುಗೂರ್ದು. ಒಂದ್ ದೇಶ-ದೇಶದ ಜಗಳದ್ದು. ಮತ್ತ ಮಂದೀನ ಹೆಂಗ ನಡಸಬೇಕು ಅಂತ ಹೇಳತಾವಲ್ಲ, ಅಂಥಾದೂ ಒಂದ್ ಇರಲಿ."

ಮಧ್ಯಾಹ್ನ ನಮ್ಮ ಪಡಸಾಲೆಯಲ್ಲಿ ಎಲ್ಲರೂ ರೊಟ್ಟಿ ಬಡಿಯಲು ಕೂತರೆ ನಾನು ಕಂಬಕ್ಕೆ ಒರಗಿ ಓದುತ್ತಿದ್ದೆ. ಓದುವವಳ ಕೈಗೆ ಹಿಟ್ಟು ಹತ್ತಬಾರದು ಎಂದು ಹೇಳಿ ನನ್ನನ್ನು ರೊಟ್ಟಿಯಿಂದ ಬಿಡಿಸಿದವರೂ ನೀವೇ. ಕೊಲೆಗಾರ ಬಾಗಿಲು ತೆರೆದ ಅಂದರೆ ಸಾಕು, ಹಂಚಿನ ಮೇಲೆ ಒಂದು ರೊಟ್ಟಿ ಸೀಯುತ್ತಿತ್ತು. ಬಸ್ ಹತ್ತಬೇಕೆಂದು ಹಟ ಹಿಡಿದ ಕುರಿಮರಿಯ ಕತೆ ಕೇಳಿ ನೀವು ಕಣ್ಣಲ್ಲಿ ನೀರು ಬರುವಷ್ಟು ನಕ್ಕಿರಿ. ದೂರದ ಎರಡು ದೇಶಗಳ ಗಡಿ ಜಗಳವನ್ನು ಓದಿದಾಗ, "ಇದು ನಮ್ಮ ಕುರಿಯವ್ರ ಜಗಳದ್ಹಂಗನ ಐತಲ್ಲ! ಎರಡೂ ಕಡಿ ಮಂದೀನ ಕುಂದರಿಸಿ ಚಾ ಕುಡಸವ್ರ ಯಾರೂ ಇಲ್ಲೇನ?" ಅಂದಿರಿ. ಖೂನಿಯ ಪುಸ್ತಕವಾದರಂತೂ ಅರ್ಧಕ್ಕೇ ತಡೆಯುತ್ತಿದ್ದಿರಿ — "ತಡೀ. ಆ ಡಾಕ್ಟರನ ಮ್ಯಾಲ ನಂಗ ಸಂಶೇ ಐತಿ. ಭಾಳ ನಗತಾನ ಅಂವ." ಎಷ್ಟೋ ಸಲ ಆ ಡಾಕ್ಟರನೇ ಆಗಿರುತ್ತಿದ್ದ. ಓದುವ ನನಗೇ ಹೊಳೆಯದ್ದು ನಿಮಗೆ ಹೇಗೆ ಹೊಳೆಯಿತು ಎಂದು ನನಗೆ ಸಿಟ್ಟು ಬರುತ್ತಿತ್ತು — ಖುಷಿ ಆಗಬೇಕಿತ್ತು ಅಲ್ಲವೇ — ಸಿಟ್ಟು ಬರುತ್ತಿತ್ತು.

ಆಮೇಲೆ, ಬಚತ ಗಟಗಳ ಉಸ್ತುವಾರಿ ನೋಡುವ ಆ ಸೊಲ್ಲಾಪುರದ ಮೇಡಂ ನಮ್ಮ ಗಟ ನೋಡಲು ಬಂದರು. ಅಧ್ಯಕ್ಷರು ಯಾರು ಎಂದು ಮರಾಠಿಯಲ್ಲಿ ಕೇಳಿದಾಗ ನಾನು ಯಾಕೋ ಒಂದು ಹೆಜ್ಜೆ ಮುಂದೆ ಇಟ್ಟಿದ್ದೆ. ಹೆಂಗಸರೆಲ್ಲ ನಿಮ್ಮ ಕಡೆ ಕೈ ತೋರಿಸಿದರು. ಮೇಡಂ ನನ್ನ ಕೈಗೆ ತಾಟು ಕೊಟ್ಟು, ಅದರಲ್ಲಿದ್ದ ಶಾಲನ್ನು ನಿಮಗೆ ಹೊದಿಸಿದರು. ಅಷ್ಟೇ ನೋಡಿ. ಮೈಯೆಲ್ಲ ಉರಿದುಹೋಯಿತು. ಓದು ಬಲ್ಲ ನಾನು ತಾಟು ಹಿಡಿದು ನಿಲ್ಲಬೇಕು, ಹೆಬ್ಬೆಟ್ಟು ಒತ್ತುವವರು ಶಾಲು ಹೊದೆಯಬೇಕು! ಹೌದು, ಹೀಗೇ ಅಂದುಕೊಂಡೆ. ಇದೇ ಶಬ್ದಗಳಲ್ಲಿ. ನೀವು ಅವತ್ತು ರಾತ್ರಿ ಅದೇ ಶಾಲನ್ನು ತಂದು ನಿಮ್ಮ ಕೈಯಾರೆ ನನಗೆ ಹೊದಿಸಿದಿರಿ. ಆದರೂ ಉರಿ ಆರಲಿಲ್ಲ.

ಮುಂದಿನ ವಾರ ಓದುತ್ತಿದ್ದದ್ದು ನೀಲಿ ರಟ್ಟಿನ ಪುಸ್ತಕ — ಜನರನ್ನು ಮುನ್ನಡೆಸುವುದು ಹೇಗೆ ಎಂಬುದರ ಬಗ್ಗೆ ಬರೆದದ್ದು. ಪುಟ ತಿರುಗಿಸಿದೆ. ಕಣ್ಣು ಹಾಳೆಯ ಮೇಲೇ ಇತ್ತು. ಬಾಯಿ ಬೇರೆಯೇ ಓದಿತು: "ಓದು ಬಾರದವರು ಮುಂದೆ ನಡೆದರೆ ಹಿಂದೆ ಬಂದವರೆಲ್ಲ ದಾರಿ ತಪ್ಪುತ್ತಾರೆ. ಅದನ್ನು ತಿಳಿದು ತಾವಾಗಿಯೇ ಪಕ್ಕಕ್ಕೆ ಸರಿಯುವವರು ದೊಡ್ಡವರು."

ರೊಟ್ಟಿ ಬಡಿಯುವ ನಿಮ್ಮ ಕೈ ನಿಂತಿತು.

"ಇನ್ನೊಮ್ಮಿ ಓದವ್ವ" ಅಂದಿರಿ.

ಅಲ್ಲಿಗೇ ನಿಲ್ಲಿಸಬಹುದಿತ್ತು. ಅಯ್ಯೋ ಅತ್ತೆ, ಚಾಷ್ಟಿ ಮಾಡಿದೆ ಅಂದಿದ್ದರೆ ಎಲ್ಲರೂ ನಕ್ಕು ಮುಗಿಯುತ್ತಿತ್ತು. ನಾನು ಗಂಟಲು ಸರಿಮಾಡಿಕೊಂಡು ಇನ್ನೊಮ್ಮೆ ಓದಿದೆ — ಅದೇ ಸುಳ್ಳನ್ನು, ಅಕ್ಷರದ ಮೇಲೆ ಬೆರಳಿಟ್ಟು.

ಮುಂದಿನ ಸಭೆಯಲ್ಲಿ ನೀವು ಎದ್ದು ನಿಂತು, "ಇನ್ ಮ್ಯಾಲ ನನ್ನ ಸೊಸಿನ ಅಧ್ಯಕ್ಷಿ" ಅಂದಿರಿ. ಹೆಂಗಸರು ಗದ್ದಲ ಮಾಡಿದರು. "ಯಾಕ್ರಿ ಆಯಿ? ಏನಾತ್ರಿ?" ಎಂದು ಸುತ್ತ ಮುತ್ತಿದರು. "ಏನೂ ಆಗಿಲ್ಲವ್ವ. ಬುಕ್ಕಿನ್ಯಾಗ ಬರದಾರ. ಶಾಣ್ಯಾ ಮಂದಿ ಸುಳ್ಳ ಬರೀತಾರೇನ?" ಅಂದಿರಿ. ನಾನು ತಲೆ ತಗ್ಗಿಸಿದೆ. ಅದನ್ನು ನೀವು ವಿನಯ ಅಂದುಕೊಂಡಿರಿ. ನನ್ನ ಬೆನ್ನು ಸವರಿದಿರಿ.

ಕುರ್ಚಿ ಸಿಕ್ಕಿತು. ಗಟ ಮುಳುಗಲಿಲ್ಲ, ರೊಟ್ಟಿ ಸೊಲ್ಲಾಪುರಕ್ಕೆ ಹೋಗುವುದೂ ನಿಲ್ಲಲಿಲ್ಲ. ಆದರೆ ನೀವು ಬಾಗಿಲ ಹತ್ತಿರ ಸರಿದು ಕೂರಲು ಶುರುಮಾಡಿದಿರಿ. ಏನಾದರೂ ಕೇಳಿದರೆ, "ನಂಗೇನ್ ತಿಳೀತೈತಿ, ನೀವ ನೋಡ್ರಿ" ಎಂಬ ಒಂದೇ ಮಾತು. ನಾನು ಓದುವುದನ್ನು ಬಿಡಲಿಲ್ಲ, ಹೊಸ ಹೊಸ ಪುಸ್ತಕ ತಂದೆ. ಒಮ್ಮೆ ಖೂನಿಯ ಕತೆಯೊಂದನ್ನು ಅರ್ಧಕ್ಕೆ ನಿಲ್ಲಿಸಿ, "ಹೇಳ್ರೀ ಅತ್ತಿ, ಯಾರ್ ಮಾಡಿರಬೇಕು?" ಎಂದು ನಾನೇ ಕೇಳಿದೆ. ನೀವು ಹಿಟ್ಟು ನಾದುತ್ತ, "ಓದಾಕಿ ನೀ. ನಿಂಗ ಗೊತ್ತ" ಅಂದಿರಿ. ಅವತ್ತು ನನಗೆ ಕತೆ ಮುಂದುವರಿಸಲು ಆಗಲಿಲ್ಲ. ತಲೆ ನೋಯುತ್ತಿದೆ ಎಂದು ಎದ್ದು ಹೋದೆ. ನಿಮ್ಮಿಂದ ನಾನು ಕಿತ್ತುಕೊಂಡದ್ದು ಬರೀ ಕುರ್ಚಿ ಅಂದುಕೊಂಡಿದ್ದೆ...

ಆದರೂ ಹೇಳಲಿಲ್ಲ. ಹೇಳಿದರೆ ಹೆಂಗಸರ ಮುಂದೆ ನನ್ನ ಮುಖ ಏನಾಗುತ್ತದೆ ಎಂಬುದೇ ನನಗೆ ದೊಡ್ಡದಾಗಿತ್ತು. ನಿಮ್ಮ ಮುಖ ಏನಾಗಿದೆ ಎಂದು ದಿನವೂ ನೋಡುತ್ತಿದ್ದೆ, ನೋಡುತ್ತಲೇ ಇದ್ದೆ.

ಮೊನ್ನೆ ಚಪಳಗಾಂವದಿಂದ ಕಸ್ತೂರಿ ಬಂದಳಲ್ಲ, ನಿಮ್ಮ ತಮ್ಮನ ಮಗಳು. ಅವಳೂ ಕುರಿ ಕಾಯ್ದು ಬೆಳೆದವಳು, ಅಕ್ಷರ ಬಾರದು. ಆ ಊರಿನ ಹೆಂಗಸರು ನಮ್ಮಂಥದ್ದೇ ಒಂದು ಗಟ ಕಟ್ಟುತ್ತಿದ್ದಾರೆ, ನೀನೇ ಅಧ್ಯಕ್ಷೆಯಾಗು ಎಂದು ಅವಳಿಗೆ ಗಂಟುಬಿದ್ದಿದ್ದಾರೆ. "ನಾ ಕುಂದರ್ಲ್ಯಾ ಅತ್ತಿ?" ಎಂದು ನಿಮ್ಮನ್ನು ಕೇಳಲು ಬಂದಿದ್ದಳು. ಅವಳ ಕಣ್ಣಲ್ಲಿ ಎಷ್ಟು ಆಸೆಯಿತ್ತು! ನೀವು ಅವಳನ್ನು ಹತ್ತಿರ ಕೂರಿಸಿಕೊಂಡು, ತಲೆ ಸವರಿ, ಹೇಳಿದಿರಿ — ಓದು ಬಾರದವರು ಮುಂದೆ ನಡೆದರೆ... ಒಂದು ಅಕ್ಷರ ಆಚೀಚೆ ಆಗದಂತೆ, ನನ್ನ ಸುಳ್ಳನ್ನು, ನನ್ನ ಓದುವ ಧಾಟಿಯಲ್ಲೇ. ಇಷ್ಟು ವರ್ಷ ಅದನ್ನು ಬಾಯಿಪಾಠ ಇಟ್ಟುಕೊಂಡಿದ್ದಿರಿ. ನಾನು ಒಳಗೆ ನೀರು ತುಂಬುತ್ತಿದ್ದೆ. ಎಲ್ಲ ಕೇಳಿಸಿತು.

"ಖರೇನ ಅತ್ತಿ. ಬುಕ್ಕಿನ್ಯಾಗ ಇದ್ದದ್ದು ಸುಳ್ಳ ಹೆಂಗಾಗತೈತಿ" ಅಂದಳು ಕಸ್ತೂರಿ. ನಾಳೆ ಊರಿಗೆ ಹೋಗಿ ಒಲ್ಲೆ ಎಂದು ಹೇಳಲಿದ್ದಾಳೆ.

ಆ ನೀಲಿ ಪುಸ್ತಕವನ್ನು ಪೆಟ್ಟಿಗೆಯ ತಳದಿಂದ ತೆಗೆದೆ. ಅವತ್ತು ನಾನು ಓದದೆ ಬಿಟ್ಟ ಪುಟವನ್ನು ಓದಿದೆ. ಓದು-ಬರಹದ ಸುದ್ದಿಯೇ ಅದರಲ್ಲಿಲ್ಲ ಅತ್ತೆ. ಮುಂದೆ ಇರುವವರು ಎಲ್ಲರ ಮಾತನ್ನೂ ಕೇಳಿ, ಕೊನೆಯಲ್ಲಿ ಮಾತಾಡಬೇಕು ಎಂದಷ್ಟೇ ಇದೆ. ನೀವು ಕುರ್ಚಿಯ ಮೇಲೆ ಹಾಗೇ ಕೂರುತ್ತಿದ್ದಿರಿ. ನಾನು ಒಂದು ದಿನವೂ ಹಾಗೆ ಕೂತವಳಲ್ಲ.

ಇದನ್ನೆಲ್ಲ ಬರೆದದ್ದೇನೋ ಆಯಿತು. ಆದರೆ ನಿಮಗೆ ಓದಿ ಹೇಳುವವರು ಯಾರು? ನಾನೇ ಓದಿದರೆ ಆ ಶಾಲಿನ ಮಾತು ಬಂದಾಗ ಒಂದು ಸಾಲು ಹಾರಿಸಿಬಿಡುತ್ತೇನೆ, ಹೆಬ್ಬೆಟ್ಟಿನ ಮಾತು ಬಂದಾಗ ಇನ್ನೊಂದು. ಹಾರಿಸಿದ್ದು ಯಾರಿಗೂ ತಿಳಿಯುವುದಿಲ್ಲ. ನನ್ನ ನಾಲಿಗೆಯ ಮೇಲೆ ನನಗೇ ನಂಬಿಕೆ ಇಲ್ಲ. ನಿಮ್ಮೊಬ್ಬರ ಕಿವಿಯಲ್ಲಿ ಹೇಳಿಬಿಡೋಣವೆಂದರೆ, ಸುಳ್ಳು ಹೇಳಿದ್ದು ಎಲ್ಲರ ಮುಂದೆ.

ಅದಕ್ಕೇ ಇಂಡಿಯಿಂದ ನನ್ನ ತಂಗಿ ಸುವರ್ಣಾಳನ್ನು ಫೋನ್ ಮಾಡಿ ಕರೆಸಿದ್ದೇನೆ. ಕನ್ನಡ ಶಾಲೆಯಲ್ಲಿ ಕಲಿತ ಹುಡುಗಿ, ಬರೆದದ್ದನ್ನು ಬರೆದಂತೆ ಓದುತ್ತಾಳೆ. ಇವತ್ತು ಮಧ್ಯಾಹ್ನ, ಕಸ್ತೂರಿಯೂ ಇರುವಾಗ, ಕಂಬಕ್ಕೆ ಒರಗಿ ಅವಳು ಕೂರುತ್ತಾಳೆ. ಮೊದಲು ನೀಲಿ ಪುಸ್ತಕದ ಆ ಪುಟ, ಆಮೇಲೆ ಈ ಹಾಳೆಗಳು. ನಾನು ನಿಮ್ಮೆದುರು ಹಿಟ್ಟಿನ ಪರಾತದ ಮುಂದೆ ರೊಟ್ಟಿ ಬಡಿಯುತ್ತ ಕೂತಿರುತ್ತೇನೆ. ನಡುವೆ ಎದ್ದು ಹಾಳೆ ಕಸಿದುಕೊಳ್ಳಬೇಕು ಅನ್ನಿಸೀತು — ಅನ್ನಿಸಿಯೇ ಅನ್ನಿಸುತ್ತದೆ. ಆಗ ನನ್ನ ಎರಡೂ ಕೈ ಹಿಟ್ಟಿನಲ್ಲಿರಲಿ.