ಗಾಳಿಕಲ್ಲು ಎಂದು ಓದಿದೆ

...ಅಥವಾ ಅವನು ಕಂಬಳಿ ಹೊದ್ದೇ ಇರಲಿಲ್ಲವೇನೋ. ಕನಕಪುರದ ಬಸ್ಸಿನಲ್ಲಿ ಪಕ್ಕದವರ ಒದ್ದೆ ಕಂಬಳಿಯ ವಾಸನೆ ಮೂಗಿಗೆ ಬಡಿದದ್ದೇ ತಡ, ನೆನಪು ಆ ಕುರಿ ಕಾಯುವ ಮುದುಕನಿಗೂ ಒಂದನ್ನು ಹೊದಿಸಿಬಿಟ್ಟಿತು. ನನ್ನ ನೆನಪನ್ನು ನಾನು ಅಷ್ಟಾಗಿ ನಂಬುವುದಿಲ್ಲ.

ಕಾವೇರಿ ಕಡೆಗೆ ಇಳಿಯುವ ಆ ಬೆಟ್ಟಸಾಲಿಗೆ ಆಗ ರಸ್ತೆಯಿರಲಿಲ್ಲ. ಸರ್ವೇ ಇಲಾಖೆಯ ನಕಾಶೆಗಾಗಿ ಗುಡ್ಡಗಳ ಹೆಸರು ಬರೆದುಕೊಳ್ಳುವುದು ನನ್ನ ಕೆಲಸ. ದಾರಿ ತೋರಿಸುವುದು ಅವನದು. ಒಂದೊಂದು ಬಂಡೆಗೂ ಕುರಿಯವರು ಇಟ್ಟ ಹೆಸರಿತ್ತು. ಕುಂಟಕುರಿ ಸಿಕ್ಕಿದ ಗುಡ್ಡ, ಚಿರತೆ ಮಲಗಿದ ಹಾಸುಬಂಡೆ, ಮೂರು ಮರಿ ಈದ ಕಲ್ಲು... ಅಲ್ಲಿ ಏನು ನಡೆಯಿತೋ ಅದೇ ಹೆಸರು. ಊರಿನ ಮೂವರು ಒಂದೇ ಹೆಸರು ಹೇಳಿದರೆ ಅದನ್ನೇ ಬರೆಯಬೇಕೆಂಬುದು ನಮ್ಮ ನಿಯಮ.

ಕೊನೆಯ ಕಡಿದಾದ ಬಂಡೆಯ ಹೆಸರನ್ನು ಮಾತ್ರ ಅವನು ತಡವರಿಸಿ ಹೇಳಿದ: ಗಾಳಿಕಲ್ಲು. ಸಂಜೆ ಟೀ ಅಂಗಡಿಯಲ್ಲಿ ಅವನ ಓರಗೆಯವನೊಬ್ಬ ನಕ್ಕ.

"ಏನ್ಲಾ, ಹೆಂಡ್ರನ್ನ ನೂಕಿದ್ ಕಲ್ಲು ಅನ್ನಾಕೆ ನಾಚ್ಕೆನೇನ್ಲಾ? ಬರ್ಕಳಿ ಸಾ, ಊರೆಲ್ಲಾ ಅಂಗೇ ಅನ್ನಾದು."

ಇನ್ನಿಬ್ಬರು ಹೌದೆಂದರು. ಮುದುಕನ ಹೆಂಡತಿ ಸತ್ತದ್ದು ಅಲ್ಲಿಂದ ಬಿದ್ದು.

ಹೊರಗೆ ಬಂದ ಮೇಲೆ ಅವನು ನನ್ನ ತೋಳು ಹಿಡಿದ. "ಕಾಲು ಜಾರ್ತು ಸಾ, ಅಷ್ಟೇಯ. ಇವ್ರು ಆಡ್ಕಂಡ್ರೆ ಆಡ್ಕಳ್ಳಿ, ಇವತ್ತಲ್ಲ ನಾಳೆ ಸತ್ತೋಯ್ತಾರೆ. ನೀವು ಬರ್ದ್ರೆ ಉಳ್ಕಬುಡ್ತದೆ. ನನ್ ಮಗ್ಳು ಓದು ಕಲ್ತವ್ಳೆ."

ಅವನೆದುರಿಗೇ ಬರೆದೆ. ಅಕ್ಷರ ಬಾರದ ಅವನು ಸಾಲಿನ ಮೇಲೆ ಬೆರಳಿಟ್ಟು, "ಒಸಿ ಓದಿ ಸಾ" ಎಂದ.

"ಗಾಳಿಕಲ್ಲು" ಎಂದು ಓದಿದೆ.

ಅಲ್ಲಿ ಬರೆದಿದ್ದದ್ದು ಆ ಮೂವರು ಹೇಳಿದ ಹೆಸರು. ಖುಷಿಯಿಂದ ಅವನು ಆಡಿನ ಹಾಲು ಕರೆದು ಕೊಟ್ಟ... ಹಾಲು ನಿಜವೋ, ನನ್ನನ್ನೇ ಹಂಗಿಸಿಕೊಳ್ಳಲು ಆಮೇಲೆ ಸೇರಿಸಿಕೊಂಡದ್ದೋ. ಹಾಗೆ ಓದಿದ್ದು ಮಾತ್ರ ನಿಜ.

ಬಸ್ಸಿನಲ್ಲೇ ಫೋನ್ ತೆಗೆದು ನೋಡಿದೆ. ನಮ್ಮ ನಕಾಶೆಯ ಹೆಸರುಗಳೆಲ್ಲ ಈಗ ಅದರ ಮ್ಯಾಪಿನಲ್ಲಿವೆ. 'ಹೆಂಡತಿಯನ್ನು ನೂಕಿದ ಕಲ್ಲು', ನಾಲ್ಕೂವರೆ ಸ್ಟಾರ್. ಅಂಚಿನಲ್ಲಿ ನಿಂತ ಹುಡುಗಿಯನ್ನು ಒಬ್ಬ ನೂಕುವಂತೆ ನಟಿಸುವ ಫೋಟೊ. ಕೆಳಗೆ ನಗುವ ಮುಖಗಳ ಸಾಲು.

ಮುದುಕ ಸತ್ತು ವರ್ಷಗಳಾದವಂತೆ. ಕೊನೆಕೊನೆಗೆ ಮಗಳು ಬರುವುದನ್ನು ನಿಲ್ಲಿಸಿದ್ದಳಂತೆ. ನಕಾಶೆ ನೋಡಿಯೋ ಬೇರೆ ಕಾರಣಕ್ಕೋ, ಹೇಳಿದ ಆ ಊರಿನವರಿಗೂ ತಿಳಿದಿರಲಿಲ್ಲ.

ಅವನು ನೂಕಿದ್ದನೋ ಇಲ್ಲವೋ ನನಗೆ ಗೊತ್ತಿಲ್ಲ. ಬಿದ್ದವಳ ಹೆಸರೂ ಗೊತ್ತಿಲ್ಲ.